ಪ್ರಶಸ್ತಿಗೆ ಮತ ಹಾಕುವ ಮಿಸ್ಟರ್ ಆಲ್ಸೀಡ್

ನ್ಯೂ ಆರ್ಲಿಯನ್ಸಿನ ನಮ್ಮ ಬೀದಿಯಲ್ಲಿ ಜಾಝ್ ವಾದನದ ಪ್ರಶಸ್ತಿಗೆ ಮತ ಹಾಕುವ ಹಕ್ಕಿರುವುದು ಮಿಸ್ಟರ್ ಆಲ್ಸೀಡ್ ಒಬ್ಬರಿಗೇ, ಅದನ್ನು ಮರೆಯಲು ಅವರು ಯಾರನ್ನೂ ಬಿಡುವುದಿಲ್ಲ. ಕ್ಷೌರದಂಗಡಿಯ ಕುರ್ಚಿ ಸಿಕ್ಕಿದೊಡನೆ ಪ್ರಶಸ್ತಿಯ ಚರಿತ್ರೆ ಶುರುವಾಗುತ್ತದೆ: ಮೊದಲು ಒಂದೇ ಇತ್ತು, ಆಮೇಲೆ ಒಬ್ಬರ ವಾದನಕ್ಕೊಂದು, ಮೇಳಕ್ಕೊಂದು ಎಂದು ಒಡೆದರು, ಮತ್ತೆ ಕೂಡಿಸಿದರು, ಹೆಸರನ್ನು ನಾಲ್ಕು ಸಲ ಬದಲಾಯಿಸಿದರು. ಯಾವ ವರ್ಷ ಯಾರು ಗೆದ್ದರೆಂಬುದನ್ನು ಮಗ್ಗಿಯಂತೆ ಒಪ್ಪಿಸುತ್ತಾರೆ. ಗೆದ್ದವರು ಏನು ನುಡಿಸಿದರೆಂಬ ಮಾತು ಮಾತ್ರ ಬರುವುದೇ ಇಲ್ಲ. ಮತ ಹಾಕುವುದು ಹೆಸರು ನೋಡಿ, ಅದರಲ್ಲೂ ಪಟ್ಟಿಯಲ್ಲಿ ಸತ್ತವರಿದ್ದರೆ ಮೊದಲು ಅವರಿಗೆ. “ಸತ್ತೋರಿಗೆ ಹಾಕಿದ್ರೆ ಯಾರೂ ಜಗಳಕ್ಕೆ ಬರಲ್ಲ ಕಣಯ್ಯ!” ಎನ್ನುತ್ತಾರೆ. ಬೆನ್ನ ಹಿಂದೆ ನಿಂತ ಕ್ಷೌರಿಕ ಥಿಯೋಫಿಲ್, “ಹಂಗಾದ್ರೆ ನೀವೂ ಬೇಗ ಹೊರಡಿ, ನಿಮಗೂ ಸಿಗುತ್ತೆ” ಎಂದರೂ ಉತ್ತರ ಕೊಡದೆ ಚರಿತ್ರೆ ಮುಂದುವರಿಸುತ್ತಾರೆ, ಅದನ್ನು ನಾವು ಅಹಂಕಾರವೆಂದೇ ತಿಳಿದಿದ್ದೆವು. ಈ ವರ್ಷದ ಪಟ್ಟಿಯಲ್ಲಿ ಎದುರುಮನೆಯ ಒಡಾಲಿಯ ಹೆಸರಿತ್ತು, ಐವತ್ತೆರಡನೆಯ ವಯಸ್ಸಿನಲ್ಲಿ, ಮೊದಲ ಸಲ. ಮತ ಹಾಕಲು ಒಂದೇ ದಿನ ಉಳಿದಾಗ ಅವಳು ಟ್ರಂಪೆಟ್ ಹಿಡಿದು ಅವರ ಜಗಲಿ ಹತ್ತಿದಳು. “ಮಿಸ್ಟರ್ ಆಲ್ಸೀಡ್, ನನ್ನ ಹೆಸ್ರು ನೋಡ್ಬೇಡಿ, ಒಂದ್ಸಲ ಕೇಳಿ ಸಾಕು,” ಎಂದು ನುಡಿಸತೊಡಗಿದಳು. ಅವರು ಮಹಾ ರಸಿಕರಂತೆ ಕಣ್ಣು ಮುಚ್ಚಿ ತಲೆದೂಗಿದರು. ನಡುವೆ ಉಸಿರಿಗೆಂದು ಅವಳು ನಿಲ್ಲಿಸಿದಳು. ತಲೆ ತೂಗುತ್ತಲೇ ಇತ್ತು. ಹೆಸರು ಹಿಡಿದು ಕರೆದಳು, ಆಗಲೂ ತೂಗುತ್ತಿತ್ತು. ಅವರ ಕಿವಿ ಹೋಗಿ ಎಷ್ಟು ವರ್ಷವಾಗಿತ್ತೋ, ಬೀದಿಯಲ್ಲಿ ಯಾರಿಗೂ ಗೊತ್ತಿರಲಿಲ್ಲ. ಒಡಾಲಿ ಇಳಿದು ಹೋಗಬಹುದಿತ್ತು. ಅವಳು ಆ ತಲೆಯನ್ನೇ ನೋಡುತ್ತ, ಅದರ ತಾಳ ತಪ್ಪದಂತೆ, ಕೊನೆಯವರೆಗೂ ನುಡಿಸಿದಳು.