ಗುಳಿಗೆಗಿಂತ ಮೊದಲು ಹೊಳೆಮ್ಮನ ಮಾತು

ಕಂಪ್ಲಿಯ ಬಾಳೆತೋಟಗಳ ಮೇಲಿನ ಮಂಜು ಇನ್ನೂ ಕರಗಿಲ್ಲ. ಹೊಳೆದಂಡೆಯ ಜ್ವರದ ಕ್ಯಾಂಪಿನ ಮುಂದೆ ಕಂಬಳಿ ಹೊದ್ದ ಜನ ಆಗಲೇ ಕುಕ್ಕರುಗಾಲಲ್ಲಿ ಕೂತಿದ್ದಾರೆ. ಅಂಗಳ ಗುಡಿಸಿ ಮುಗಿಸಿದ ಹೊಳೆಮ್ಮ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಒಬ್ಬೊಬ್ಬರ ಎದುರೂ ಕೂರುತ್ತಾಳೆ.

"ಡಾಕ್ಟರ ಹತ್ರ ಹೊಸಾ ಗುಳಿಗಿ ಬಂದೈತಿ. ಜ್ವರ ಬಿಡಬೋದು, ಬಿಡದನೂ ಇರಬೋದು. ಅದನ್ನ ನೋಡಾಕಂತನ ಕೊಡ್ತಾರ. ಬ್ಯಾಡಂದ್ರ ಹಳೇ ಕ್ವಿನೈನ್ ಐತಿ. ಯಾರೂ ಬಯ್ಯಂಗಿಲ್ಲ."

ಕಬ್ಬಿನ ಗದ್ದೆಯ ಕೂಲಿ ಜಂಬಪ್ಪ ತಲೆ ಕೆರೆದುಕೊಳ್ಳುತ್ತಾನೆ. "ನಂಗ ಹಳೇದ ಇರ್ಲಿ ಬೇ. ಕಹಿ ಆದ್ರೂ ಗುರ್ತಿಂದು."

"ಆತು, ಆ ಕಡಿ ಕುಂದ್ರು," ಎಂದು ಹೊಳೆಮ್ಮ ನಗುತ್ತಾಳೆ.

ಅವಳ ಹುದ್ದೆ ಆಯಾ. ಊರು ಪಾಪಿನಾಯಕನಹಳ್ಳಿ. ಗಂಡ ಇದೇ ನಡುಕದ ಜ್ವರದಲ್ಲಿ ತೀರಿಕೊಂಡ ಮೇಲೆ ಅಕ್ಕನ ಮನೆಗೆಂದು ಕಂಪ್ಲಿಗೆ ಬಂದಳು. ಕ್ಯಾಂಪಿನಲ್ಲಿ ಬಾಟಲಿ ತೊಳೆಯುವ ಕೆಲಸ ಸಿಕ್ಕಿತು. ಮದ್ರಾಸಿನಿಂದ ಸಂಶೋಧನೆಗೆ ಬಂದ ಡಾಕ್ಟರಿಗೆ ಇಲ್ಲಿಯ ಕನ್ನಡ ಬಾರದು, ಇಲ್ಲಿಯವರಿಗೆ ಅವರ ಇಂಗ್ಲಿಷ್ ತಿಳಿಯದು. ಡಾಕ್ಟರಿಗೆ ತೆಲುಗು ಬರುತ್ತಿತ್ತು; ಚೂರುಪಾರು ತೆಲುಗು ಬಲ್ಲ ಹೊಳೆಮ್ಮ ನಡುವೆ ನಿಂತಳು. ಅವಳ ಮುಖ ನೋಡಿಯೇ ಜನ ಬಾಯಿ ತೆರೆದು ಗುಳಿಗೆ ನುಂಗತೊಡಗಿದರು.

ಹೋದ ಮಳೆಗಾಲದಲ್ಲಿ ಆ ನಂಬಿಕೆಯೇ ಅವಳ ಕೊರಳಿಗೆ ಬಂತು. ನೆರೆಮನೆಯ ಸಂಗಮ್ಮನ ಮಗಳು ಗುಳಿಗೆ ತಪ್ಪಿಸದೆ ತಿಂದರೂ ದಿನ ಬಿಟ್ಟು ದಿನ ನಡುಗುತ್ತಿದ್ದಳು. "ಒಳ್ಳೇ ಔಷಧ ಅಂದಿದ್ಯಲ್ಲ ಹೊಳೆವ್ವಾ?" ಎಂದು ಸಂಗಮ್ಮ ಕೇಳಿದಳು. ಹೊಳೆಮ್ಮ ಕಂಪೌಂಡರ್ ಚನ್ನಯ್ಯನನ್ನು ಹಿಡಿದು ನಿಲ್ಲಿಸಿದಳು. ಅವನು ಮುಚ್ಚಿಡಲಿಲ್ಲ. ಅರ್ಧ ಜನರಿಗೆ ಔಷಧ, ಉಳಿದವರಿಗೆ ಬರೀ ಹಿಟ್ಟಿನ ಗುಳಿಗೆ; ಆ ಹುಡುಗಿಗೆ ಸಿಕ್ಕಿದ್ದೂ ಹಿಟ್ಟಿನದೇ. ಎರಡನ್ನೂ ಹೋಲಿಸಿದರೇ ಔಷಧದ ಗುಣ ಗೊತ್ತಾಗುವುದು ಎಂದ.

"ಹಿಟ್ಟು ತಿನ್ನೋರಿಗೆ ಅದು ಗೊತ್ತೈತೇನು?"

ಚನ್ನಯ್ಯ ಗುಳಿಗೆಯ ಡಬ್ಬಿ ಮುಚ್ಚಿ ಒಳಗೆ ಹೋದ.

ಹೊಳೆಮ್ಮ ನೇರ ಡಾಕ್ಟರ ಬಳಿಗೆ ಹೋಗಿ, ಇದನ್ನು ಜನರಿಗೆ ಹೇಳಬೇಕೆಂದಳು. ಹೇಳಿದರೆ ಒಬ್ಬರೂ ಬರುವುದಿಲ್ಲ, ಸಂಶೋಧನೆ ಮಣ್ಣುಪಾಲಾಗುತ್ತದೆ ಎಂದು ಡಾಕ್ಟರು ರೇಗಿದರು. "ಹಂಗಾದ್ರ ನನ್ನ ಬಾಯಿಲೆ ಸುಳ್ಳು ಹೇಳಿಸಬ್ಯಾಡ್ರಿ," ಎಂದಳು. ನಾಳೆಯಿಂದ ಬರಬೇಡ ಎಂಬ ಮಾತು ಬಂತು. ಅವಳು ಅಕ್ಕನ ಮನೆಯ ಮೂಲೆಯಲ್ಲಿ ಕೂತಳು. ಉಂಡ ಅನ್ನ ಮೈಗೆ ಹತ್ತಲಿಲ್ಲ. ಆದರೆ ಅವಳಿಲ್ಲದ ಕ್ಯಾಂಪಿಗೆ ಜನರೂ ಕಾಲಿಡಲಿಲ್ಲ.

ತಪಾಸಣೆಗೆ ಬಳ್ಳಾರಿಯಿಂದ ಬಂದ ವೈದ್ಯಾಧಿಕಾರಿಗೆ ಕಂಡದ್ದು ಖಾಲಿ ಅಂಗಳ. ಬೇವಿನ ಮರದಡಿ ಕುರ್ಚಿ ಹಾಕಿಸಿ ವಿಚಾರಣೆ ನಡೆಸಿದರು. ಹೊಳೆಮ್ಮನಿಗೂ ಕರೆ ಬಂತು. ಜೈಲಿಗೇ ಹಾಕುತ್ತಾರೆಂದು ಅಕ್ಕ ಅಳುತ್ತಿದ್ದಳು.

"ಡಾಕ್ಟರ ಮೇಲೆ ನಿನ್ನ ದೂರೇನು?" ಎಂದು ಅಧಿಕಾರಿ ಕೇಳಿದರು.

"ದೂರಲ್ರೀ. ಅವ್ರು ಕೆಟ್ಟವ್ರಲ್ಲ, ನಮ್ಮ ಮಂದಿ ಸಲುವಾಗಿ ಭಾಳ ಬಡದಾಡ್ತಾರ. ಆದ್ರ ಆ ಹುಡುಗಿ ನನ್ನ ನಂಬಿ ನುಂಗ್ಯಾಳ್ರೀ. ಆಕಿಗೆ ಖರೇ ಔಷಧ ಕೊಡ್ರಿ. ಆಮ್ಯಾಲ ನನ್ನ ಏನಾರ ಮಾಡ್ರಿ."

ಅಧಿಕಾರಿ ಚನ್ನಯ್ಯನತ್ತ ತಿರುಗಿ, "ಮೊದಲು ಆ ಮಗುವಿಗೆ ಕ್ವಿನೈನ್ ತಗೊಂಡು ಹೋಗು," ಎಂದರು. ಹಿಟ್ಟಿನ ಗುಳಿಗೆ ಅಂದೇ ನಿಂತಿತು. ಇನ್ನು ಹೋಲಿಕೆ ಏನಿದ್ದರೂ ಕ್ವಿನೈನ್ ಜೊತೆಗೆ, ಅದೂ ತಿಳಿಸಿ, ಒಪ್ಪಿದವರಿಗಷ್ಟೇ ಎಂದು ಅಪ್ಪಣೆಯಾಯಿತು. ತಿಳಿಸುವ ಕೆಲಸ ಹೊಳೆಮ್ಮನದು.

ಸಂಗಮ್ಮನ ಮಗಳ ಜ್ವರ ಇಳಿಯಿತು. ಮೈ ಬೆವತು ತಣ್ಣಗಾದ ದಿನ ಅವಳು ಎದ್ದು ಕೂತು ಮಜ್ಜಿಗೆ ಅನ್ನ ಕೇಳಿದಳಂತೆ. ಅದನ್ನು ಹೇಳುವಾಗ ಹೊಳೆಮ್ಮ ಈಗಲೂ ದೊಡ್ಡದೊಂದು ಉಸಿರು ಬಿಡುತ್ತಾಳೆ. "ಅವತ್ತು ನಂಗೂ ಜ್ವರ ಬಿಟ್ಟಂಗಾತು ನೋಡ್ರಿ."

ಡಾಕ್ಟರು ಅಂಜಿದಂತೆ ಕ್ಯಾಂಪು ಮುಚ್ಚಲಿಲ್ಲ. ತಿಳಿಸಿದ ಮೇಲೂ ಜನ ಬಂದರು. ಬೇಡವೆಂದವರಿಗಿಂತ ಆಗಲಿ ಎಂದವರೇ ಹೆಚ್ಚು. "ಅವರನ್ನು ನಾನು ದಡ್ಡರೆಂದುಕೊಂಡಿದ್ದೆ," ಎಂದು ಡಾಕ್ಟರು ಒಮ್ಮೆ ಚನ್ನಯ್ಯನೆದುರು ಅಂದರಂತೆ. ಈಗ ಹೊಳೆಮ್ಮನ ಮಾತು ಮುಗಿಯುವವರೆಗೆ ಅವರು ಗುಳಿಗೆಯ ಡಬ್ಬಿ ಮುಟ್ಟುವುದಿಲ್ಲ.

ಬರುವ ವರ್ಷ ಸಂಡೂರಿನ ಗುಡ್ಡದ ಹಳ್ಳಿಗಳಲ್ಲೂ ಇಂಥದೇ ಕ್ಯಾಂಪು ಹಾಕುವ ಮಾತಿದೆ. ನಿನಗೇನು ಬೇಕು ಎಂದು ಕೇಳಿದರೆ ಹೊಳೆಮ್ಮ ನಾಚಿಕೊಂಡು ನೆಲ ನೋಡುತ್ತಾಳೆ.

"ಅಲ್ಲೂ ಹಿಂಗ ಬಿಡಿಸಿ ಹೇಳೋಳು ಒಬ್ಬಾಕಿ ಸಿಗಲಿ, ಅಷ್ಟ ಸಾಕ್ರಿ. ಸಿಗಲಿಲ್ಲಂದ್ರ ನಾನ ಹೋಗ್ತೀನಿ."