ಗೋಳಗುಮ್ಮಟದಂಥ ಪೋಸ್ಟ್ ಆಫೀಸ್

ಗಂಟಲಿನ ಆಪರೇಷನ್ ಆದಮೇಲೆ ಮಾತು ಹೋಗುತ್ತದೆ ಎಂದು ಸಯನ್‌ನ ಆಸ್ಪತ್ರೆಯಲ್ಲಿ ಡಾಕ್ಟರು ನನ್ನ ಗಂಡನಿಗೆ ಹೇಳಿದ ದಿನ, ನಾವಿಬ್ಬರೂ ಬೆಳಿಗ್ಗೆಯಿಂದ ಬರೀ ಚಹಾದ ಮೇಲಿದ್ದೆವು. ನನಗೆ ದಹಿಸರ್‌ನ ಮನೆ ಸೇರಿ ಕಾಲು ಚಾಚಿದರೆ ಸಾಕಿತ್ತು. ದಾದರ್‌ನಲ್ಲಿ ಗಾಡಿ ಬದಲಿಸಲು ಎದ್ದೆ. ಇವರು ಏಳಲಿಲ್ಲ. ವಿ.ಟಿ. ಸ್ಟೇಷನ್ ತನಕ ಹೋಗೋಣ, ಅಲ್ಲಿಯ ಪೋಸ್ಟ್ ಆಫೀಸ್ ನೋಡಬೇಕು ಎಂದರು.

ಇವರು ವಿಜಯಪುರ ಕಡೆಯ ಗೌಂಡಿ. ಮುಂಬಯಿಗೆ ಬಂದಾಗಿನಿಂದ ಬಿಲ್ಡಿಂಗ್ ಕಟ್ಟುವುದರಲ್ಲೇ ಆಯುಷ್ಯ ಸವೆಸಿದವರು. ಆ ಪೋಸ್ಟ್ ಆಫೀಸನ್ನು ಬ್ರಿಟಿಷರು ನಮ್ಮ ಗೋಳಗುಮ್ಮಟ ನೋಡಿಯೇ ಕಟ್ಟಿಸಿದ್ದು ಎಂದು ಜೊತೆಯವರು ಹೇಳುತ್ತಿದ್ದರಂತೆ. ರವಿವಾರವೂ ಕೆಲಸವಿರುತ್ತಿದ್ದ ಇವರಿಗೆ ಹೋಗಿ ನೋಡುವುದು ಆಗಿರಲೇ ಇಲ್ಲ.

ಕಪ್ಪು ಕಲ್ಲಿನ ಗೋಡೆ, ಹಳದಿ ಕಲ್ಲಿನ ಅಂಚಿನ ಕಮಾನುಗಳು, ನಡುವೆ ಗುಮ್ಮಟ. ಇವರು ಕತ್ತೆತ್ತಿ ಬಹಳ ಹೊತ್ತು ನಿಂತರು. ಗೋಡೆ ಸವರಿ, ಊರಿನದಕ್ಕಿಂತ ಸಣ್ಣದು ಎಂದರು. ಬಿಸಿಲಿಗೆ ಸೋತಿದ್ದ ನಾನು ಹ್ಞೂಂ ಎಂದೆ.

ಒಳಗೆ ಗುಮ್ಮಟದ ಕೆಳಗೆ ದೊಡ್ಡ ಹಾಲ್. ಸುತ್ತ ಕೌಂಟರುಗಳು, ಜನ, ಠಸ್ಸೆ ಹೊಡೆಯುವ ಸದ್ದು. ಇವರು ನನ್ನನ್ನು ಬೆಂಚಿನ ಮೇಲೆ ಕೂರಿಸಿ ಎದುರು ಬದಿಗೆ ಹೋದರು. ಊರಿನ ಗುಮ್ಮಟದಲ್ಲಿ ಗೋಡೆಗೆ ಬಾಯಿಟ್ಟು ಪಿಸುಗುಟ್ಟಿದರೂ ಆಚೆ ಬದಿಯವರಿಗೆ ಕೇಳುತ್ತದೆ. ಇವರೂ ಗೋಡೆಯತ್ತ ಬಾಗಿ ಏನೋ ಅಂದರು. ಆಮೇಲೆ ನನ್ನತ್ತ ತಿರುಗಿ, ಕೇಳಿತೇ ಎಂಬಂತೆ ಕೈ ಮಾಡಿದರು.

ನನಗೆ ಏನೂ ಕೇಳಿರಲಿಲ್ಲ. "ಕೇಳಿಸ್ತ್ರೀ" ಎಂದು ಗಟ್ಟಿಯಾಗಿ ಕೂಗಿದೆ. ಸರದಿಯಲ್ಲಿದ್ದವರು ತಿರುಗಿ ನೋಡಿದರು.

ಇವರು ನಿಧಾನಕ್ಕೆ ನಡೆದು ಬಂದು ಪಕ್ಕದಲ್ಲಿ ಕೂತರು. "ಸುಳ್ಳ ಹೇಳಬ್ಯಾಡ. ನನ್ನ ದನಿ ಈಗ ಅಷ್ಟ ದೂರ ಬರೂದಿಲ್ಲ" ಎಂದರು.

"ಮತ್ತ ಏನಂದ್ರಿ? ಇಲ್ಲೇ ಹೇಳ್ರಿ."

"ಇದರಿಂದೆಲ್ಲಾ ನಿನಗ ಭಾಳ ತ್ರಾಸ ಆತು ಅಂದೆ."

ಕಲ್ಲಿನ ತಂಪಿಗೆ ಇಬ್ಬರೂ ಅಲ್ಲೇ ಕೂತುಬಿಟ್ಟೆವು. ನನಗೆ ಜೋಂಪು ಹತ್ತಿತು. ಇವರು ಎಬ್ಬಿಸುವಾಗ ಹಾಲ್ ಖಾಲಿಯಾಗುತ್ತಿತ್ತು.

ಆಪರೇಷನ್ ಆಯಿತು. ಡಾಕ್ಟರು ಹೇಳಿದಂತೆಯೇ ದನಿ ಹೋಯಿತು, ಜೀವ ಉಳಿಯಿತು. ಈಗ ನನ್ನನ್ನು ಕರೆಯಬೇಕಾದರೆ ಚಪ್ಪಾಳೆ ತಟ್ಟುತ್ತಾರೆ. ನೀರಿಗೆ, ಗುಳಿಗೆಗೆ, ಕಿಟಕಿ ಮುಚ್ಚಲಿಕ್ಕೆ. ಕೆಲವು ಸಲ ಮೊದಲನೇ ಚಪ್ಪಾಳೆಗೆ ಏಳಲು ಆಗುವುದಿಲ್ಲ. ಎರಡನೆಯದಕ್ಕೆ ಏಳುತ್ತೇನೆ.