ಇಟಲಿಯ ಹಲಗೆಯ ಮೇಲಿನ ಹೆಸರು

ಆ ಫೋಟೋ ನನ್ನ ಅಂಗೈಗಿಂತ ಚಿಕ್ಕದು. ಅದರಲ್ಲಿ ಹನ್ನೊಂದು ಬಿಳಿ ಹಲಗೆಗಳನ್ನು ಪೂರ್ತಿಯಾಗಿ ಎಣಿಸಬಹುದಿತ್ತು. ಹನ್ನೆರಡನೆಯದು ಅಂಚಿನಲ್ಲಿ ಅರ್ಧಕ್ಕೆ ಕತ್ತರಿಸಿಹೋಗಿತ್ತು. ಮುಂದಿನ ಸಾಲಿನ ನಾಲ್ಕನೆಯ ಹಲಗೆಯ ಮೇಲೆ ಒಂದು ಸಂಖ್ಯೆ, ಅದರ ಕೆಳಗೆ ಇಂಗ್ಲಿಷ್ ಅಕ್ಷರಗಳಲ್ಲಿ ಪಿಳ್ಳಪ್ಪ ಎಂಬ ಹೆಸರು.

ಇಷ್ಟನ್ನು ನಾನು ಖಚಿತವಾಗಿ ಹೇಳಬಲ್ಲೆ. ಸತ್ತವರು ಬರುತ್ತಾರೆ, ಉಣ್ಣುತ್ತಾರೆ ಎಂಬ ಮಾತಿನಲ್ಲಿ ನನಗೆ ಎಂದೂ ನಂಬಿಕೆ ಇರಲಿಲ್ಲ. ಈಗ ಬಂದಿದೆ ಎಂದೂ ಹೇಳಲಾರೆ. ಕಾಲೇಜಿನಲ್ಲಿ ತರ್ಕಶಾಸ್ತ್ರ ಓದಿದವಳು. ಯಾರಾದರೂ ಇಂಥ ಕತೆ ಶುರುಮಾಡಿದರೆ ಸುಳ್ಳು ಎಲ್ಲಿ ಸೇರಿಕೊಂಡಿತು, ಅದರಿಂದ ಯಾರಿಗೆ ಅನುಕೂಲ ಎಂದು ಹುಡುಕುವುದು ನನ್ನ ಸ್ವಭಾವ. ಓದುಗರೂ ನನ್ನನ್ನು ಹಾಗೆಯೇ ಅನುಮಾನಿಸಲಿ. ನನಗೆ ಬೇಸರವಿಲ್ಲ.

ಯುದ್ಧ ಮುಗಿದ ಮರುವರ್ಷ ನಾನು ಹೊಸಕೋಟೆಯ ಹೆಣ್ಣುಮಕ್ಕಳ ಶಾಲೆಯಲ್ಲಿ ಉಪಾಧ್ಯಾಯಿನಿಯಾಗಿದ್ದೆ. ಬಾಡಿಗೆಯ ಒಂದು ಕೋಣೆ, ಒಂದು ಒಲೆ, ಪುಸ್ತಕದ ಪೆಟ್ಟಿಗೆ. ಕೆರೆ ಏರಿಯ ಕೆಳಗಿನ ಒಂದು ಒಕ್ಕಲು ಮನೆಯಿಂದ ಅಕ್ಕಯ್ಯಮ್ಮ ಎಂಬ ವಯಸ್ಸಾದ ಹೆಂಗಸು ದಿನ ಬಿಟ್ಟು ದಿನ ಮೊಸರು ತಂದುಕೊಡುತ್ತಿದ್ದರು. ಅವರಿಗೆ ಇಬ್ಬರು ಗಂಡುಮಕ್ಕಳು. ಹಿರಿಯವನು ಪಿಳ್ಳಪ್ಪ ಮನೆಯಲ್ಲೇ ಇದ್ದು ಬೇಸಾಯ ನೋಡಿಕೊಳ್ಳುತ್ತಿದ್ದ. ಕಿರಿಯವನು ಕೆಂಪಣ್ಣ ದಂಡಿಗೆ ಹೋಗಿ ಇಟಲಿಯಲ್ಲಿ ಸತ್ತಿದ್ದ. ಸತ್ತ ಸುದ್ದಿಯ ತಂತಿ ಎರಡು ವರ್ಷದ ಹಿಂದೆಯೇ ಬಂದಿತ್ತು. ಫೋಟೋ ಮತ್ತು ಅದರ ಜೊತೆಗಿನ ಕಾಗದ ಬಂದದ್ದು ಆ ವರ್ಷದ ಭಾದ್ರಪದದಲ್ಲಿ. ಓದಿ ಹೇಳಿ ಎಂದು ಅಕ್ಕಯ್ಯಮ್ಮ ಅದನ್ನು ಸೆರಗಿನಲ್ಲಿ ಸುತ್ತಿಕೊಂಡು ತಂದರು.

ಕಾಗದದಲ್ಲಿ ಹೆಚ್ಚೇನೂ ಇರಲಿಲ್ಲ. ನಿಮ್ಮ ಮಗನ ಹೆಸರನ್ನು ಗೌರವದಿಂದ ಕಾಪಾಡಲಾಗುವುದು, ಸಮಾಧಿಯ ಮೇಲೆ ಈಗಿರುವ ಮರದ ಹಲಗೆಯ ಜಾಗದಲ್ಲಿ ಮುಂದೆ ಕಲ್ಲು ನೆಡಲಾಗುವುದು, ಹೆಸರಿನಲ್ಲಿ ತಪ್ಪಿದ್ದರೆ ತಿಳಿಸತಕ್ಕದ್ದು. ನಾನು ಹಲಗೆಯ ಮೇಲಿನ ಹೆಸರನ್ನು ಓದಿದೆ.

“ಪಿಳ್ಳಪ್ಪ ಅಂತಾನೇ ಐತಾ?” ಎಂದು ಕೇಳಿದರು. ಆಶ್ಚರ್ಯಪಡಲಿಲ್ಲ. “ಅದು ಅಣ್ಣನ ಹೆಸರು ಕಣಮ್ಮ. ಚಿಕ್ಕೋನಿಗೆ ವಯಸ್ಸು ಸಾಲ್ದು ಅಂತ ಅಣ್ಣನ ಹೆಸರು ಹೇಳ್ಕಂಡು ಸೇರ್ಬಿಟ್ಟ. ಏರಿ ಮ್ಯಾಲೆ ವೀರಗಲ್ಲು ಐತಲ್ಲ, ಅದ್ರ ಮ್ಯಾಲೆ ಹೆಸರೇ ಇಲ್ಲ. ಯಾರೋ ಏನೋ, ಆದ್ರೂ ಹೋಗೋರು ಬರೋರು ಕುಂಕುಮ ಇಕ್ತಾರೆ. ನನ್ ಮಗಂದಕ್ಕೆ ಹೆಸರು ಐತೆ, ಅದೂ ಅವನ್ದಲ್ಲ. ನೀವು ಬರ್ದು ಸರಿಮಾಡಿಸ್ಕೊಡಿ. ಕಲ್ಲು ನೆಟ್ಟ ಮ್ಯಾಲೆ ಆಗಾಕಿಲ್ಲ.”

ಬರೆದುಕೊಡುತ್ತೇನೆ ಎಂದೆ. ಅಂದು ರಾತ್ರಿಯೇ ಕರಡು ಮಾಡಿದೆ: ಸತ್ತವನು ಕೆಂಪಣ್ಣ, ಪಿಳ್ಳಪ್ಪನೆಂಬುವನು ಬದುಕಿದ್ದಾನೆ, ತಾಯಿಯ ಜೊತೆಯಲ್ಲಿದ್ದಾನೆ, ಇದಕ್ಕೆ ನಾನು ಸಾಕ್ಷಿ.

ಎರಡು ದಿನ ಕಳೆದ ಮೇಲೆ ಸಂಜೆ ಪಿಳ್ಳಪ್ಪನೇ ಬಂದ. ಮೂವತ್ತರ ಒಳಗಿನವನು, ಮಾತು ಕಡಿಮೆ. ಜಗಲಿಯ ಕೆಳಗೆ ನಿಂತೇ ಇದ್ದ.

“ಆ ಅರ್ಜಿ ಬರೀಬೇಡಿ ಅಮ್ಮಾವ್ರೇ. ಸುಳ್ಳು ಹೆಸರ್ನಾಗೆ ಸೇರ್ಕಂಡಿದ್ದ ಅಂತ ಗೊತ್ತಾದ್ರೆ ನಮ್ಮವ್ವನ್ನ ಕಚೇರಿಗೆ ಅಲೆಸ್ತಾರೆ.”

“ನಿಮ್ಮ ಹೆಸರು ಅಲ್ಲಿರುವುದು ನಿಮಗೆ ಬೇಸರವಿಲ್ಲವೇ?” ಎಂದೆ.

“ಇರ್ಲಿ ಬುಡಿ. ಹೆಸರು ತಾನೆ.”

ಹಾಗೆನ್ನುವಾಗ ಟವಲನ್ನು ಬಲಗೈಗೆ ಸುತ್ತಿಕೊಳ್ಳುತ್ತಿದ್ದ. ಆಗ ಗಮನಿಸಿದೆ, ಅವನ ತೋರುಬೆರಳು ಮೊದಲ ಗೆಣ್ಣಿಗೇ ಮುಗಿದುಹೋಗಿತ್ತು. ನಾನು ನೋಡಿದ್ದನ್ನು ಅವನೂ ನೋಡಿದ. ಕೇಳದಿದ್ದರೂ ಹೇಳಿದ: “ರಾಗಿ ಕುಯ್ಯೋವಾಗ ಕುಡ್ಗೋಲು ತಗುಲ್ತು.”

ಮಾರನೆಯ ದಿನ ಮೊಸರು ತಂದಾಗ ಅಕ್ಕಯ್ಯಮ್ಮನನ್ನು ಸುಮ್ಮನೆ ಎಂಬಂತೆ ಕೇಳಿದೆ, ಕೆಂಪಣ್ಣ ಹೊರಟದ್ದು ಯಾವಾಗ ಎಂದು. ಶ್ರಾವಣದಲ್ಲಿ ಎಂದರು. “ಪಿಳ್ಳನ ಬೆರಳು ಹೋಗಿ ಮೂರೇ ದಿನ. ಆ ಗಲಾಟೆನಾಗೆ ಚಿಕ್ಕೋನ್ನ ನಾನು ನೆಟ್ಟಗೆ ನೋಡ್ಕಳ್ಳೇ ಇಲ್ಲ.”

ನಾನು ಬೆಂಗಳೂರಿನಲ್ಲಿ ಬೆಳೆದವಳು; ಪಿಳ್ಳಪ್ಪ ಧೈರ್ಯವಾಗಿ ಹಾಗೆ ಹೇಳಿದ್ದು ಅದಕ್ಕೇ ಇರಬೇಕು. ಆದರೆ ನನ್ನ ಶಾಲೆಯ ದಾರಿಯ ಎರಡು ಪಕ್ಕವೂ ರಾಗಿ ಹೊಲ. ಶ್ರಾವಣದಲ್ಲಿ ಅದು ಮೊಣಕಾಲುದ್ದವೂ ಬೆಳೆದಿರುವುದಿಲ್ಲ. ಕೊಯ್ಲು ಕಾರ್ತಿಕ ಕಳೆದ ಮೇಲೆ. ಬಂದೂಕಿನ ಕುದುರೆ ಎಳೆಯುವುದು ಬಲಗೈಯ ತೋರುಬೆರಳು ಎಂಬುದೂ ನನಗೆ ಗೊತ್ತಿತ್ತು. ದಂಡಿಗೆ ಹೆಸರು ಕೊಟ್ಟವನು ಪಿಳ್ಳಪ್ಪನೇ. ಹೊರಡುವ ದಿನ ಹತ್ತಿರ ಬಂದಾಗ ಹೆದರಿ ಬೆರಳು ಕಡಿದುಕೊಂಡ. ಅವನ ಭರ್ತಿಯ ಚೀಟಿ ಹಿಡಿದು, ಅವನ ಹೆಸರು ಹೇಳಿ ತಮ್ಮ ಹೋದ. ಯಾರೂ ನನಗೆ ಇದನ್ನು ಹೇಳಲಿಲ್ಲ. ನಾನೂ ಯಾರಿಗೂ ಹೇಳಲಿಲ್ಲ. ಶ್ರಾವಣದಲ್ಲಿ ರಾಗಿ ಕೊಯ್ಯುವುದಿಲ್ಲವೆಂಬುದು ಆ ತಾಯಿಗೆ ನನಗಿಂತ ಚೆನ್ನಾಗಿ ಗೊತ್ತು ಎಂಬ ಯೋಚನೆ ಮಾತ್ರ ಬಹಳ ಹೊತ್ತು ಕಾಡಿತು.

ಅಮಾವಾಸ್ಯೆ ಬಂತು. ಅಂದು ಆ ಕಡೆಯ ಮನೆಗಳಲ್ಲಿ ತೀರಿಕೊಂಡ ಹಿರಿಯರಿಗೆ ಎಡೆ ಇಡುತ್ತಾರೆ. ಅವರಿಗೆ ಇಷ್ಟವಾದುದನ್ನೆಲ್ಲ ಬಡಿಸಿ, ಸಾಂಬ್ರಾಣಿ ಹಾಕಿ, ಹೆಸರು ಹಿಡಿದು ಕರೆದು, ಬಾಗಿಲು ಮುಚ್ಚಿ ಎಲ್ಲರೂ ಹೊರಗೆ ನಿಲ್ಲುತ್ತಾರೆ. ಅವರು ಉಂಡರು ಎನ್ನಿಸುವಷ್ಟು ಹೊತ್ತಾದ ಮೇಲೆ ಬಾಗಿಲು ತೆಗೆದು ತಾವು ಊಟ ಮಾಡುತ್ತಾರೆ. ಕೆಂಪಣ್ಣನಿಗೆ ಆವರೆಗೆ ಎಡೆಯನ್ನೇ ಇಟ್ಟಿರಲಿಲ್ಲವಂತೆ. ಫೋಟೋ ಬಂದ ಮೇಲೆ ತಾಯಿ ನಿರ್ಧಾರ ಮಾಡಿದ್ದರು. “ನಮ್ಮನ್ಯಾಗೆ ನೀವು ಉಣ್ಣಾಕಿಲ್ಲ ಅಂತ ಗೊತ್ತು. ಬಂದು ಈ ಪಟದಾಗೆ ಅವನ ಹಲಗೆ ಯಾವ್ದು ಅಂತ ತೋರ್ಸಿ, ಸಾಕು” ಎಂದರು. ಹೊತ್ತು ಮುಳುಗುವ ಸಮಯಕ್ಕೆ ಹೋದೆ.

ನಡುಮನೆಯ ಪಕ್ಕದ ಕೋಣೆಯಲ್ಲಿ ಎರಡು ಎಲೆ ಹಾಕಿದ್ದರು, ಒಂದು ಅಕ್ಕಯ್ಯಮ್ಮನ ಗಂಡನಿಗೆ, ಇನ್ನೊಂದು ಕೆಂಪಣ್ಣನಿಗೆ. ಎರಡರಲ್ಲೂ ಆಗ ತಾನೆ ಕಟ್ಟಿದ ಮುದ್ದೆ, ಹುರುಳಿ ಬಸ್ಸಾರು. ಕೆಂಪಣ್ಣನ ಎಲೆಯ ಪಕ್ಕದಲ್ಲಿ ಒಂದು ಕಟ್ಟು ಬೀಡಿ. ಅನುಮಾನದ ಸ್ವಭಾವದವಳಾದ್ದರಿಂದ ಕೋಣೆಯನ್ನು ಚೆನ್ನಾಗಿ ನೋಡಿದೆ. ಒಂದೇ ಬಾಗಿಲು. ಕಿಟಕಿಯಿಲ್ಲ, ಸೂರಿನಲ್ಲಿ ಅಂಗೈಯಗಲದ ಗಾಜಿನ ಗವಾಕ್ಷಿ. ಬೆಕ್ಕು ನುಗ್ಗುವ ಕಿಂಡಿಯೂ ಇರಲಿಲ್ಲ. ಎಲ್ಲರೂ ಹೊರಗೆ ಹೋದ ಮೇಲೆ ನಾನು ಫೋಟೋವನ್ನು ನೀರಿನ ಚೊಂಬಿಗೆ ಒರಗಿಸಿ ನಿಲ್ಲಿಸಿದೆ. ಒದ್ದೆ ಕೈಯಲ್ಲಿ ಸವರಿದ ಮುದ್ದೆಗಳು ಲಾಟೀನಿನ ಬೆಳಕಿಗೆ ನುಣ್ಣಗೆ ಹೊಳೆಯುತ್ತಿದ್ದವು. ಎರಡೂ. ಇದನ್ನು ನಾನು ಆಮೇಲೆ ಕಲ್ಪಿಸಿಕೊಂಡದ್ದಲ್ಲ. ಕೊನೆಗೆ ಹೊರಬಂದವಳು ನಾನು. ಚಿಲಕ ಹಾಕಿದವಳು ಪಿಳ್ಳಪ್ಪನ ಹೆಂಡತಿ ನಂಜಮ್ಮ.

ನಾಲ್ವರೂ ಬಾಗಿಲಿನ ಮುಂದೆ ನಿಂತೆವು. ಪಿಳ್ಳಪ್ಪ ನನ್ನ ಎಡಕ್ಕೆ, ಒಂದು ಮಾರು ದೂರದಲ್ಲಿ. ಮೊದಲು ತಂದೆಯನ್ನು ಕರೆದ. ಆಮೇಲೆ, “ಕೆಂಪಣ್ಣಾ, ಬಾರಪ್ಪಾ, ಬಂದು ಉಣ್ಣು” ಎಂದ.

ಅಕ್ಕಯ್ಯಮ್ಮ ತಲೆಯಾಡಿಸಿದರು. “ಅಲ್ಲಿ ಅವನ್ನ ಯಾರೂ ಹಂಗೆ ಕರ್ದಿಲ್ಲ ಕಣೋ. ಅಷ್ಟು ವರ್ಷ ಓಗೊಟ್ಟಿದ್ದು ಆ ಹೆಸರಿಗೆ. ಆ ಹೆಸರ್ನಾಗೇ ಕರಿ.”

“ನನ್ನೆಸರ ನಾನೇ ಕರೀಲಾ? ನಿಂಗೇನು ತಲೆಗಿಲೆ ಕೆಟ್ಟೈತಾ?”

ನಂಜಮ್ಮ ಸಮೇತನಹಳ್ಳಿಯವಳು, ಬಾಯಿ ಜೋರು. “ಅತ್ತೆಮ್ಮಾ, ಗಂಡ ಕಣ್ಮುಂದೆ ಗೂಟದಂಗೆ ನಿಂತವ್ರೆ, ಇವರ ಹೆಸರಿಗೆ ಎಡೆನಾ? ನನ್ನ ತಾಳಿ ಏನಾಗ್ಬೇಕು? ಆ ಹಲಗೆ ಮ್ಯಾಲಿಂದ ಮೊದ್ಲು ಇವರ ಹೆಸರು ಅಳಿಸ್ಲಿ. ಬ್ಯಾಡ ಅಂತ ಅಮ್ಮಾವ್ರ ತಾವ ಹೋಗಿದ್ರಂತೆ, ಪುಣ್ಯಾತ್ಮರು!”

ಯಾರೂ ತಡೆಯುವ ಮೊದಲೇ ಅಕ್ಕಯ್ಯಮ್ಮ ಬಾಗಿಲಿಗೆ ಮುಖ ಮಾಡಿ ಗಟ್ಟಿಯಾಗಿ ಕೂಗಿದರು: “ಪಿಳ್ಳಪ್ಪಾ! ಬಾರೋ ಮಗನೇ!”

ನನ್ನ ಪಕ್ಕದಲ್ಲಿದ್ದ ಪಿಳ್ಳಪ್ಪ, “ಬಂದೆ ಕಣವ್ವಾ” ಎಂದ.

ಅಭ್ಯಾಸಬಲದಿಂದ ಬಂದ ಮಾತು. ತಾಯಿ ಕರೆದರೆ ಯಾವ ಮಗನಾದರೂ ಓಗೊಡುತ್ತಾನೆ. ಆದರೆ ಸತ್ತವನನ್ನು ಕರೆದಾಗ ಬದುಕಿರುವವನು ಓಗೊಡಬಾರದಂತೆ. ನಂಜಮ್ಮ ಅವನ ಬಾಯಿಗೆ ಕೈ ಅಡ್ಡ ಹಿಡಿದು ಅಳಲು ಶುರುಮಾಡಿದಳು. ಒಳಗಿನಿಂದ ನನಗೆ ಯಾವ ಸದ್ದೂ ಕೇಳಿಸಲಿಲ್ಲ. ಎಲೆ ಅಡಿಕೆ ಹಾಕಿಕೊಳ್ಳುವಷ್ಟು ಹೊತ್ತು ಹಾಗೆಯೇ ನಿಂತಿದ್ದೆವು. ಆಮೇಲೆ ಅಕ್ಕಯ್ಯಮ್ಮ ಚಿಲಕ ತೆಗೆದರು. ನಾನು ಅವರ ಭುಜದ ಹಿಂದೆಯೇ ಇದ್ದೆ.

ತಂದೆಯ ಎಲೆಯ ಮುದ್ದೆ ಹಾಗೆಯೇ ನುಣ್ಣಗಿತ್ತು. ಕೆಂಪಣ್ಣನ ಎಲೆಯ ಮುದ್ದೆಯನ್ನು ಯಾರೋ ಮುರಿಯಲು ಹಿಡಿದಿದ್ದರು. ಒಂದು ಬದಿಯಲ್ಲಿ ಹೆಬ್ಬೆರಳಿನ ಗುಳಿ. ಇನ್ನೊಂದು ಬದಿಯಲ್ಲಿ ಮೂರು ಬೆರಳುಗಳ ಉದ್ದನೆಯ ಗುರುತು, ಅವುಗಳ ಪಕ್ಕದಲ್ಲಿ ನಾಲ್ಕನೆಯದು, ಮೊಂಡಾದದ್ದು, ಉಳಿದವುಗಳ ಅರ್ಧದಷ್ಟು.

ಬಗ್ಗಿ ಇನ್ನೊಮ್ಮೆ ನೋಡಬೇಕೆಂದು ಲಾಟೀನಿಗೆ ಕೈ ಹಾಕಿದೆ. ಅಷ್ಟರಲ್ಲಿ ಪಿಳ್ಳಪ್ಪ ನನ್ನನ್ನು ದಾಟಿಕೊಂಡು ಹೋಗಿ ಎಲೆಯ ಮುಂದೆ ಕುಕ್ಕರುಗಾಲಿನಲ್ಲಿ ಕುಳಿತ. “ಇದು ನಂದು ಕಣವ್ವಾ. ನಾನು ಉಣ್ಬೇಕಾಗಿದ್ದಿದ್ದು” ಎಂದು ಹೇಳಿ ಮುದ್ದೆಯನ್ನು ಎರಡೂ ಕೈಯಿಂದ ಮುರಿದು ಬಾಯಿಗೆ ತುರುಕಿಕೊಳ್ಳತೊಡಗಿದ. ತಾಯಿ ಅವನ ಬೆನ್ನ ಮೇಲೆ ಕೈಯಿಟ್ಟುಕೊಂಡು, “ನಿಧಾನ, ನಿಧಾನ, ಗಂಟ್ಲಿಗೆ ಸಿಕ್ಕಂಡಾತು” ಎಂದಷ್ಟೇ ಅಂದರು. ನಾನು ಹೇಳದೆ ಹೊರಟುಬಂದೆ.

ಇದನ್ನು ಎಷ್ಟು ಸಲ ಬಿಡಿಸಿ ನೋಡಿದ್ದೇನೋ ಲೆಕ್ಕವಿಲ್ಲ. ಪಿಳ್ಳಪ್ಪನ ಕೆಲಸವೇ? ಅವನು ನನ್ನ ಪಕ್ಕ ಬಿಟ್ಟು ಕದಲಲಿಲ್ಲ. ಮಗನ ಗುಟ್ಟು ಹೊರಗೆ ಬರಲಿ ಎಂದು ತಾಯಿಯೇ ಬೆರಳು ಮಡಿಸಿ ಒತ್ತಿದ್ದರೇ? ನನಗಿಂತ ಮೊದಲೇ ಹೊರಬಂದಿದ್ದರು. ಆರುವ ಮುದ್ದೆ ಕುಸಿಯುತ್ತದೆ, ಬಿರುಕು ಬಿಡುತ್ತದೆ, ನಿಜ. ಆದರೆ ಒಂದೇ ಹೊತ್ತಿನಲ್ಲಿ ಕಟ್ಟಿದ ಎರಡರಲ್ಲಿ ಒಂದು ಮಾತ್ರವೇ, ಅದೂ ಹಾಗೆಯೇ? ಲಾಟೀನಿನ ಬೆಳಕನ್ನು ದೂರಬಹುದು. ಆ ಬೆರಳಿನ ಬಗ್ಗೆ ಮೊದಲೇ ಯೋಚಿಸಿಟ್ಟುಕೊಂಡಿದ್ದ ನನ್ನ ಕಣ್ಣನ್ನೂ ದೂರಬಹುದು. ಎಲ್ಲರಿಗಿಂತ ಹೆಚ್ಚಿಗೆ ನಾನು ಅನುಮಾನಪಡುವುದು ಅದನ್ನೇ. ಗುರುತು ಕೆಂಪಣ್ಣನ ಕೈಯದಾಗಿದ್ದರೆ ಒಂದು ರೀತಿಯಲ್ಲಿ ಅರ್ಥವಾಗುತ್ತಿತ್ತು. ಆದರೆ ದಂಡು ಸೇರಿಸಿಕೊಂಡ ಅವನ ಬೆರಳುಗಳು ಐದೂ ಪೂರ್ತಿಯಾಗಿದ್ದವು. ಹಾಗಾದರೆ ಆ ಕೋಣೆಗೆ ಬಂದದ್ದು ಯಾರು? ಗೊತ್ತಿಲ್ಲ. ಮುಂದಿನ ವರ್ಷ ನನಗೆ ವರ್ಗವಾಯಿತು. ಇಟಲಿಯಲ್ಲಿ ಕಲ್ಲು ನೆಟ್ಟರೇ, ಅದರ ಮೇಲೆ ಯಾರ ಹೆಸರಿದೆ ಎಂಬುದನ್ನು ತಿಳಿದುಕೊಳ್ಳುವ ದಾರಿ ನನಗಿಲ್ಲ.

ಎಡೆ ಇಟ್ಟ ಮರುದಿನ ಬೆಳಿಗ್ಗೆ ಎದ್ದು ಕರಡನ್ನು ಓದಿದೆ. ಸತ್ತವನು ಕೆಂಪಣ್ಣ ಎಂಬ ವಾಕ್ಯವನ್ನು ಶುದ್ಧಪ್ರತಿಗೆ ಇಳಿಸುವುದು ಕಷ್ಟವಾಗಲಿಲ್ಲ. ಪಿಳ್ಳಪ್ಪ ಬದುಕಿದ್ದಾನೆ ಎಂಬ ಮುಂದಿನ ವಾಕ್ಯಕ್ಕೆ ಬಂದಾಗ ಬರೆಯುವುದನ್ನು ನಿಲ್ಲಿಸಿ, ಕಾಗದ ಪೆನ್ನು ಹಿಡಿದು, ಚಪ್ಪಲಿ ಮೆಟ್ಟಿಕೊಂಡು ಅವರ ಮನೆಗೆ ಹೋದೆ. ಪಿಳ್ಳಪ್ಪ ಕೊಟ್ಟಿಗೆಯ ಮುಂದೆ ಎತ್ತಿನ ಮೈ ತಿಕ್ಕುತ್ತಿದ್ದ. ಹೆಸರು ಹಿಡಿದು ಕರೆಯಲು ಮನಸ್ಸಾಗಲಿಲ್ಲ. ಅವನೇ ತಿರುಗಿ ನೋಡುವವರೆಗೆ ಕಾದೆ. ನೋಡಿದ. ಕೈಯನ್ನು ಟವಲಿಗೆ ಒರೆಸಿಕೊಂಡು, “ಬರ್ದು ಹಾಕ್ಬುಡಿ ಅಮ್ಮಾವ್ರೇ. ಅಲ್ಲಿ ತಮ್ಮನ ಹೆಸರೇ ಇರ್ಲಿ” ಎಂದ. ಅವರ ಜಗಲಿಯ ಮೇಲೆ ಕುಳಿತುಕೊಂಡೇ ಕಾಗದವನ್ನು ಮುಗಿಸಿದೆ. ಪಿಳ್ಳಪ್ಪನೆಂಬುವನು ಬದುಕಿದ್ದಾನೆ ಎಂದು ಬರೆಯುವ ಕಡೆ, ಅವನನ್ನು ಇಂದು ಬೆಳಿಗ್ಗೆ ನಾನು ಕಂಡಿದ್ದೇನೆ ಎಂದಷ್ಟೇ ಬರೆದು ಸಹಿ ಹಾಕಿದೆ. ಅಂಚೆ ಕಚೇರಿಗೆ ಹೋಗಿ ನಾನೇ ಪೆಟ್ಟಿಗೆಗೆ ಹಾಕಿ, ಅಲ್ಲಿಂದ ನೇರವಾಗಿ ಶಾಲೆಗೆ ನಡೆದೆ.